ತಲೆ ಹಿಡಿದವನ ಮಾತು

ಆ ಊರಿಗೆ ಬೀದಿಗಳಿರಲಿಲ್ಲ, ಮೆಟ್ಟಿಲುಗಳಿದ್ದವು. ಒಂದೇ ಬಂಡೆಯನ್ನು ಕಡಿದು ಕಟ್ಟಿದ ಊರು. ಮನೆಯಿಂದ ಮನೆಗೆ ಮೆಟ್ಟಿಲು, ಬಾವಿಗೆ ಮೆಟ್ಟಿಲು, ಸುಡುಗಾಡಿಗೂ ಮೆಟ್ಟಿಲು. ಹಾಗಾಗಿ ಅಲ್ಲಿ ಯಾರಾದರೂ ಬಿದ್ದರೆ ಅದು ದೊಡ್ಡ ಸುದ್ದಿಯಾಗುತ್ತಿರಲಿಲ್ಲ. ಕೈ ಮುರಿದುಕೊಂಡವರು, ಕಾಲು ಮುರಿದುಕೊಂಡವರು ಊರ ತುಂಬ ಇದ್ದರು. ಅವರಿಗೆ ಯಾವ ಕಟ್ಟಳೆಯೂ ಇರಲಿಲ್ಲ. ಕಟ್ಟಳೆ ಇದ್ದದ್ದು ಕತ್ತು ಮುರಿದವರಿಗೆ ಮಾತ್ರ.

ಕತ್ತು ಮುರಿದವರ ತಲೆಯನ್ನು ಯಾರಾದರೂ ಒಬ್ಬರು ಎರಡೂ ಕೈಯಲ್ಲಿ ಹಿಡಿದಿರಬೇಕು. ಬಿಲ್ಲೆಮನೆ ಮುಟ್ಟಿ ಬಿಲ್ಲೆ ಸಿಗುವವರೆಗೆ ಕೈ ಬಿಡಬಾರದು. ಕೈ ಸೋತಿತು ಎಂದು ಬಾಯಿಬಿಟ್ಟು ಹೇಳಿದರೆ ಮಾತ್ರ ತಲೆ ಇನ್ನೊಬ್ಬರ ಕೈಗೆ ಹೋಗಬಹುದು. ಬಿಲ್ಲೆಮನೆಯಲ್ಲಿ ಕೇಳುವ ಪ್ರಶ್ನೆಗೆ ಉತ್ತರ ಹೇಳುವವರು ಮುರಿದವರಲ್ಲ, ಹಿಡಿದವರು. ಗೋಣು ಹಾಕಲಾಗದವರ ಹೂಂ ಯಾರು ಹೇಳಬೇಕು? ಗೋಣು ಅಲ್ಲಾಡಿಸಲಾಗದವರ ಉಹೂಂ ಯಾರು ಹೇಳಬೇಕು? ತಲೆ ಹಿಡಿದವನ ಮಾತೇ ತಲೆಯ ಮಾತು. ಯಾರು ಯಾವಾಗ ಹಾಗೆಂದರೋ, ಊರು ಅದನ್ನೇ ಹೇಳಿಕೊಂಡು ಬಂದಿತ್ತು.

ಊರಿನ ನಡುಮಟ್ಟದಲ್ಲಿ ಬಿಲ್ಲೆಮನೆ. ಅದರ ಒಳಬಾಗಿಲು ದಾಟಿದರೆ ಕಟ್ಟಿನಯ್ಯನ ಅಂಗಳ. ಮುರಿದ ಮೂಳೆಗೆ ಬಿದಿರಿನ ಕಟ್ಟು ಹಾಕುವವನು ಅವನು. ಆದರೆ ಕೊರಳಲ್ಲಿ ಬಿಲ್ಲೆ ಇಲ್ಲದ ಕತ್ತನ್ನು ಅವನು ಮುಟ್ಟುವಂತಿರಲಿಲ್ಲ. ಬಿಲ್ಲೆ ಕೊಡುವವಳು ಬಿಲ್ಲೆಯಮ್ಮ. ಅವಳ ಹಿಂದಿನ ಗೋಡೆಯ ಗೂಡುಗಳಲ್ಲಿ ಸುಟ್ಟ ಮಣ್ಣಿನ ಬಿಲ್ಲೆಗಳಿದ್ದವು. ಅವುಗಳಲ್ಲಿ ನಾಲ್ಕನ್ನು ಆರಿಸಿ, ದಾರಕ್ಕೆ ಪೋಣಿಸಿ, ಮುರಿದವರ ಕೊರಳಿಗೆ ಹಾಕುವುದು ಅವಳ ಕೆಲಸ.

ಮೊದಲ ಬಿಲ್ಲೆ ಯಾವ ಮೂಳೆ ಎಂದು ಹೇಳುತ್ತಿತ್ತು. ಕತ್ತಿಗೆ ಏಳು ಮೂಳೆ. ತಲೆಯನ್ನು ಹೊತ್ತ ಮೇಲಿನದು ಹೊರೆಯಾಳು, ಅದರ ಕೆಳಗಿನದು ತಿರುಗಣಿ, ಬೆನ್ನು ಶುರುವಾಗುವಲ್ಲಿ ಚರ್ಮದಡಿ ಎದ್ದು ಕಾಣುವ ಕೊನೆಯದು ಗೂಟ. ನಡುವಿನ ನಾಲ್ಕಕ್ಕೂ ಹೆಸರಿದ್ದವು. ಎರಡನೆಯ ಬಿಲ್ಲೆ, ಮೂಳೆ ಬರೀ ಸೀಳಿದೆಯೋ ಜಾಗ ಬಿಟ್ಟು ಜರುಗಿದೆಯೋ ಎಂಬುದಕ್ಕೆ. ಮೂರನೆಯದು ಹೇಗಾಯಿತು ಎಂಬುದಕ್ಕೆ. ನಾಲ್ಕನೆಯದು ಬರವಿನ ಬಿಲ್ಲೆ. ಹೊಸ ಮುರಿತವಾದರೆ ಮೊದಲ ಬರವು. ಅದೇ ಮುರಿತವನ್ನು ತೋರಿಸಲು ಮತ್ತೆ ಬಂದರೆ ಮರುಬರವು. ಮೂಳೆ ಕೂಡಿದ ಮೇಲೂ ಹೋಗದೆ ಉಳಿದದ್ದಕ್ಕೆ ಉಳಿಕೆ.

ಮೊದಲೆರಡನ್ನು ಬಿಲ್ಲೆಯಮ್ಮ ಬೆರಳು ತಾಗಿಸಿ ತಾನೇ ತಿಳಿಯುತ್ತಿದ್ದಳು. ಬರವು ಯಾವುದೆಂದು ಕಣ್ಣಿಗೇ ಕಾಣುತ್ತಿತ್ತು. ಮೂರನೆಯದನ್ನು ಮಾತ್ರ ಕೇಳಬೇಕಿತ್ತು.

"ಬಿದ್ದದ್ದಾ, ತಳ್ಳಿದ್ದಾ?"

ಬಿದ್ದದ್ದು ಎಂದರೆ ಒಳಬಾಗಿಲು ಕೂಡಲೇ ತೆರೆಯುತ್ತಿತ್ತು. ತಳ್ಳಿದ್ದು ಎಂದರೆ, ತಳ್ಳಿದವರು ಯಾರೆಂದು ಹೊರಬೀಳುವವರೆಗೆ ಕಟ್ಟಿನಯ್ಯ ಕೈ ಹಚ್ಚುವಂತಿರಲಿಲ್ಲ. ಹಾಗೆ ಕಾದು ಬದುಕಿದವರನ್ನು ಯಾರೂ ನೋಡಿರಲಿಲ್ಲ. ಆದ್ದರಿಂದ ಬಿದ್ದದ್ದು ಎಂಬ ಬಿಲ್ಲೆ ಮಾಡಿದಷ್ಟೂ ಮುಗಿಯುತ್ತಿತ್ತು, ತಳ್ಳಿದ್ದು ಎಂಬ ಬಿಲ್ಲೆಗಳ ಗೂಡಿನಲ್ಲಿ ಜೇಡ ಬಲೆ ಕಟ್ಟಿತ್ತು. ನಮ್ಮೂರಲ್ಲಿ ಯಾರೂ ಯಾರನ್ನೂ ತಳ್ಳುವುದಿಲ್ಲ ಎಂದು ಜನ ಆ ಜೇಡನ ಬಲೆಯನ್ನು ತೋರಿಸಿ ಪರಊರಿನವರಿಗೆ ಹೇಳುತ್ತಿದ್ದರು.

ಇನ್ನೊಂದು ಮಾತು. ಕತ್ತು ಮುರಿದವರನ್ನು ಡೋಲಿಯಲ್ಲಿ ಕೂರಿಸಿಯೇ ತರುತ್ತಿದ್ದರು, ಕೂತಲ್ಲೇ ಕಟ್ಟು ಹಾಕುತ್ತಿದ್ದರು. ನೆಲಕ್ಕೆ ತಲೆ ಆನಿಸಿ ಮಲಗಿಸುವುದು ಹೆಣವನ್ನು. ಮುರಿದವರನ್ನು ಹಾಗೆ ಮಲಗಿಸಿದರೆ ಊರಿನ ಪಾಲಿಗೆ ಅವರು ಸತ್ತಂತೆ.

ಇಂಥ ಊರಲ್ಲಿ ಒಬ್ಬ ಜರಡಿಗಾರನಿದ್ದ. ಬಿದಿರು ಸೀಳಿ ಜರಡಿ ಹೆಣೆದು ಮಾರುವವನು. ಅವನ ಹೆಂಡತಿ ಮಾಳವ್ವ. ಬಿಲ್ಲೆಯಮ್ಮನಿಗೆ ಅವಳ ಹೆಸರು ತಿಳಿದದ್ದು ಬಹಳ ತಡವಾಗಿ. ಬಿಲ್ಲೆಮನೆಯಲ್ಲಿ ಹೆಸರು ಕೇಳುವ ಪದ್ಧತಿ ಇರಲಿಲ್ಲ.

ಒಂದು ಬೆಳಗ್ಗೆ ಜರಡಿಗಾರ ಡೋಲಿಯ ಹಿಂದೆ ನಡೆದು ಬಂದ. ಡೋಲಿಯಲ್ಲಿ ಮಾಳವ್ವ ಕೂತಿದ್ದಳು, ಅವಳ ತಲೆ ಅವನ ಎರಡು ಕೈಗಳ ನಡುವೆ ಇತ್ತು. ಅವನ ಕಾಲಿಗೆ ಚಪ್ಪಲಿ ಇರಲಿಲ್ಲ. ಹೆಬ್ಬೆರಳ ಉಗುರು ಕಿತ್ತು ರಕ್ತ ಸುರಿಯುತ್ತಿತ್ತು. ಅವನಿಗೆ ಅದರ ಪರಿವೆಯೇ ಇರಲಿಲ್ಲ.

"ಬಿದ್ದದ್ದಾ, ತಳ್ಳಿದ್ದಾ?" ಎಂದು ಬಿಲ್ಲೆಯಮ್ಮ ಕೇಳಿದಳು.

"ಬಿದ್ಲಮ್ಮ. ಬಾವಿ ಮೆಟ್ಲಲ್ಲಿ ಪಾಚಿ. ಬೇಗ ಕೊಡಿ, ನಿಮ್ಮ ಕಾಲಿಗೆ ಬೀಳ್ತೀನಿ."

ಗೂಟ, ಸೀಳು, ಬಿದ್ದದ್ದು, ಮೊದಲ ಬರವು. ಬಿಲ್ಲೆಯಮ್ಮ ನಾಲ್ಕನ್ನೂ ಪೋಣಿಸಿ ಕೊರಳಿಗೆ ಹಾಕಿದಳು. ಒಳಬಾಗಿಲು ತೆರೆಯಿತು. ಕಟ್ಟಿನಯ್ಯ ಬಿದಿರಿನ ಪಟ್ಟಿ ಕಟ್ಟಿ ಮುಗಿಸುವವರೆಗೂ ಜರಡಿಗಾರ ಕೈ ಕದಲಿಸಲಿಲ್ಲ. ಮುಗಿದ ಮೇಲೆ ಅಂಗಳದಲ್ಲೇ ಕುಸಿದು ಕೂತು ಮಗುವಿನ ಹಾಗೆ ಅತ್ತ.

ಆ ಅಳುವನ್ನು ಊರೆಲ್ಲ ಮಾತಾಡಿಕೊಂಡಿತು. ಹಿಡಿದರೆ ಜರಡಿಗಾರನ ಹಾಗೆ ಹಿಡಿಯಬೇಕು ಎಂದು ಹೆಂಗಸರು ಗಂಡಂದಿರಿಗೆ ಹೇಳಿದರು. ಅದುವರೆಗೆ ಅವನ ಜರಡಿಯ ಕಣ್ಣು ದೊಡ್ಡದು, ನುಚ್ಚು ಉದುರುತ್ತದೆ ಎಂದು ಚೌಕಾಸಿ ಮಾಡುತ್ತಿದ್ದವರು ಈಗ ಅವನ ಬಾಗಿಲಿಗೆ ಬಾಳೆಹಣ್ಣು ತಂದಿಟ್ಟು ಹೋದರು. ಕಟ್ಟೆಯ ಮೇಲೆ ಹಿರಿಯರು ಸರಿದು ಜಾಗ ಕೊಟ್ಟರು. ಅವನು ಕೂತು ಹೇಳುತ್ತಿದ್ದ, ಊಟ ತಿನ್ನಿಸುವುದು ತಾನೇ, ತಲೆ ಬಾಚುವುದು ತಾನೇ, ಬಾಯಾರಿದರೆ ಕಣ್ಣಲ್ಲೇ ತಿಳಿಯುತ್ತದೆ ತನಗೆ ಎಂದು. ಕೇಳುತ್ತಿದ್ದವರ ಕಣ್ಣು ತುಂಬುತ್ತಿತ್ತು.

ಮರುಬರವಿಗೆ ಬಂದಾಗಲೂ ಅವನ ಎರಡೂ ಕೈ ಅವಳ ತಲೆಯ ಮೇಲೇ ಇದ್ದವು. ಬಿಲ್ಲೆಯಮ್ಮ ನಕ್ಕಳು.

"ಕಟ್ಟು ಇದೆಯಲ್ಲಪ್ಪ, ಇನ್ಯಾಕೆ ಹಿಡ್ಕೊಂಡಿದೀಯ?"

"ಅಭ್ಯಾಸ ಆಗ್ಬಿಟ್ಟಿದೆಯಮ್ಮ."

"ಹೇಗಿದೀಯಮ್ಮ ತಾಯಿ?" ಎಂದು ಅವಳು ಮಾಳವ್ವನನ್ನು ಕೇಳಿದಳು.

"ಚೆನ್ನಾಗಿದಾಳೆ," ಎಂದ ಜರಡಿಗಾರ.

ಆಮೇಲೆ ಕಟ್ಟು ಬಿಚ್ಚುವ ದಿನ ಬಂತು. ಕಟ್ಟಿನಯ್ಯ ಬಿದಿರಿನ ಪಟ್ಟಿಗಳನ್ನು ಒಂದೊಂದಾಗಿ ತೆಗೆದ. ಮಾಳವ್ವ ಕತ್ತನ್ನು ಎಡಕ್ಕೆ ಹೊರಳಿಸಿದಳು, ಬಲಕ್ಕೆ ಹೊರಳಿಸಿದಳು, ಮೇಲೆತ್ತಿ ಮೋಡ ನೋಡಿದಳು. ಅಂಗಳದಲ್ಲಿದ್ದವರೆಲ್ಲ ಸಂತೋಷಪಟ್ಟರು. ಬಿಲ್ಲೆಯಮ್ಮ ಮಾತ್ರ ಏಕೋ ಜರಡಿಗಾರನ ಕಡೆ ನೋಡಿದಳು. ಅವನೂ ನಗುತ್ತಿದ್ದ. ಆದರೆ ಅವನ ಎರಡು ಕೈಗಳು ಎದೆಯ ಮಟ್ಟದಲ್ಲಿ ಹಾಗೇ ಚಾಚಿಕೊಂಡಿದ್ದವು, ಕಾಣದ ಕೊಡವೊಂದನ್ನು ಹಿಡಿದಂತೆ.

ಅವಳಿಗೆ ಅದು ಮರೆತುಹೋಗಲಿಲ್ಲ. ಏಕೆಂದು ಕೇಳಿದ್ದರೆ ಹೇಳಲೂ ಬರುತ್ತಿರಲಿಲ್ಲ.

ಬಾಗಿಲಿಗೆ ಬಾಳೆಹಣ್ಣು ಬರುವುದು ನಿಂತಿತು. ಕಟ್ಟೆಯ ಮೇಲೆ ಜಾಗ ಇಕ್ಕಟ್ಟಾಯಿತು. ಜರಡಿಯ ಕಣ್ಣು ಮತ್ತೆ ದೊಡ್ಡದಾಯಿತು.

ಮಳೆಗಾಲ ಕಳೆದು ಮೆಟ್ಟಿಲುಗಳು ಒಣಗಿದ್ದವು. ಪಾಚಿ ಎಲ್ಲೂ ಇರಲಿಲ್ಲ. ಆಗ ಒಂದು ಬೆಳಗ್ಗೆ ಜರಡಿಗಾರ ಮತ್ತೆ ಡೋಲಿಯ ಹಿಂದೆ ಬಂದ.

ಈ ಸಲ ಕಾಲಿಗೆ ಚಪ್ಪಲಿ ಇತ್ತು. ಅವನ ಹೆಗಲಿನಿಂದ ಅಗಲವಾದ ಬಟ್ಟೆಯ ಪಟ್ಟಿಯೊಂದು ಇಳಿಬಿದ್ದು ಎರಡೂ ಮೊಣಕೈಗಳನ್ನು ಹೊತ್ತಿತ್ತು. ಅಂಗೈಗಳಲ್ಲಿ ಹತ್ತಿ ತುಂಬಿದ ಪುಟ್ಟ ಮೆತ್ತೆಗಳಿದ್ದವು. ಒತ್ತಾದ ಹೊಲಿಗೆ, ಅಂಚು ಮಡಿಸಿ ಹೊಲಿದದ್ದು. ಅವಸರದಲ್ಲಿ ಯಾರೂ ಹಾಗೆ ಹೊಲಿಯುವುದಿಲ್ಲ.

ಬಿಲ್ಲೆಯಮ್ಮ ಮಾಳವ್ವನ ಕತ್ತಿನ ಹಿಂದೆ ಬೆರಳಿಟ್ಟಳು. ಹಳೆಯ ಮುರಿತ ಕೂಡಿತ್ತು. ಇದು ಮೇಲೆ, ತಿರುಗಣಿ. ಜರುಗಿದೆ. ಒಂದು ಕೂದಲೆಳೆ ಹೆಚ್ಚು ಜರುಗಿದರೆ ಉಸಿರು ನಿಲ್ಲುವ ಜಾಗ.

"ಬಿದ್ದದ್ದಾ, ತಳ್ಳಿದ್ದಾ?"

"ಬಿದ್ಲು."

"ಎಲ್ಲಿ?"

ಎಲ್ಲಿ ಎಂದು ಬಿಲ್ಲೆಮನೆಯಲ್ಲಿ ಯಾರೂ ಕೇಳುತ್ತಿರಲಿಲ್ಲ. ಜರಡಿಗಾರ ರೆಪ್ಪೆ ಬಡಿದ.

"ಮನೆ ಮುಂದಿನ ಮೆಟ್ಲಲ್ಲಿ."

"ಈ ಮೆತ್ತೆ ಯಾವಾಗ ಹೊಲಿಸಿದೆ? ಬಿದ್ದ ಮೇಲಾ, ಬೀಳೋಕೆ ಮುಂಚೇನಾ?"

"ಹೋದ ಸಲ ಅಂಗೈ ಸುಲಿದುಹೋಗಿತ್ತಮ್ಮ. ಆಗಲೇ ಅಂದ್ಕೊಂಡೆ, ಒಂದು ಹೊಲಿದಿಟ್ಕೋಬೇಕು ಅಂತ. ಈ ಊರಲ್ಲಿ ಯಾರು ಯಾವಾಗ ಬೀಳ್ತಾರೋ ಯಾರಿಗೆ ಗೊತ್ತು."

ಅದೂ ಸರಿಯೇ. ಮುಂದಾಲೋಚನೆಯವನು ಹಾಗೆ ಮಾಡಬಹುದು. ಸರಿಯಾದ ಉತ್ತರವಾದ್ದರಿಂದಲೇ ಬಿಲ್ಲೆಯಮ್ಮನಿಗೆ ಅದು ಇನ್ನಷ್ಟು ಚುಚ್ಚಿತು. ಅವಳು ಮಾಳವ್ವನ ಮುಖ ನೋಡಿದಳು. ತುಟಿ ಬಿಗಿದಿತ್ತು. ಕಣ್ಣು ಮಾತ್ರ ಬಿಲ್ಲೆಯಮ್ಮನನ್ನೇ ನೋಡುತ್ತಿತ್ತು. ಆ ಕಣ್ಣಲ್ಲಿ ಏನೋ ಇತ್ತು. ನೋವಿರಬಹುದು, ಬೇರೆಯೂ ಇರಬಹುದು.

ಬಿದ್ದದ್ದು ಎಂಬ ಬಿಲ್ಲೆ ಕೊಟ್ಟರೆ ಇವಳು ಬದುಕುತ್ತಾಳೆ, ಅದೇ ಮನೆಗೆ ಹೋಗುತ್ತಾಳೆ, ಮೂರನೆಯ ಸಲ ಹೊರೆಯಾಳು ಮುರಿಯುತ್ತದೆ. ತಳ್ಳಿದ್ದು ಎಂದು ಕೊಡಲು ತಲೆ ಹಿಡಿದವನೇ ಹಾಗೆ ಹೇಳಬೇಕು. ಅವನು ಏಕೆ ಹೇಳಿಯಾನು? ಉಳಿದದ್ದು ಒಂದೇ ದಾರಿ. ಅವನ ಕೈ ಸೋಲಬೇಕು.

"ಮೆತ್ತೆ ತೆಗಿ," ಎಂದಳು ಬಿಲ್ಲೆಯಮ್ಮ. "ಪಟ್ಟೀನೂ ತೆಗಿ. ಕೈಗೂ ತಲೆಗೂ ನಡುವೆ ಬಟ್ಟೆ ಇರಬಾರದು ಅಂತ ಕಟ್ಟಳೆ ಇದೆ."

ಅಂಥ ಕಟ್ಟಳೆ ಇರಲಿಲ್ಲ. ಆ ಕ್ಷಣದಲ್ಲಿ ಅವಳೇ ಹುಟ್ಟಿಸಿದ್ದು. ಎಷ್ಟು ಸುಲಭವಾಗಿ ಬಾಯಿಂದ ಬಂತು ಎಂದು ಅವಳಿಗೇ ಒಂದು ಗಳಿಗೆ ಹೆದರಿಕೆಯಾಯಿತು. ಹಾಗಾದರೆ ಉಳಿದ ಕಟ್ಟಳೆಗಳೂ ಹೀಗೇ ಬಂದವೋ ಏನೋ.

ಡೋಲಿಯವರು ಪಟ್ಟಿಯನ್ನು ಕತ್ತರಿಸಿ ತೆಗೆದರು, ಮೆತ್ತೆಗಳನ್ನು ಮೆಲ್ಲಗೆ ಎಳೆದರು. ಜರಡಿಗಾರ ಬರಿಗೈಯಲ್ಲಿ ತಲೆ ಹಿಡಿದು ನಿಂತ. ಬಿಲ್ಲೆಯಮ್ಮ ಗೂಡುಗಳ ಕಡೆ ತಿರುಗಿ, ಬೇಕಾದ ಬಿಲ್ಲೆ ಕಣ್ಣ ಮುಂದೆಯೇ ಇದ್ದರೂ ಹುಡುಕತೊಡಗಿದಳು. ಒಂದೊಂದನ್ನು ತೆಗೆದು ಸೆರಗಿನಿಂದ ಒರೆಸಿದಳು. ಮತ್ತೆ ಇಟ್ಟಳು. ದಾರ ನೆನೆದಿದೆ ಎಂದು ಬಿಸಿಲಿಗೆ ಹಾಕಿದಳು. ಹಾಕಿದ ದಾರವನ್ನು ನೋಡುತ್ತ ಕೂತಳು.

ಹೊರಗೆ ಸಾಲು ಬೆಳೆಯಿತು. ಆ ದಿನ ಇನ್ನೂ ಕೆಲವು ಡೋಲಿಗಳು ಬಂದಿದ್ದವು. ಪ್ರತಿ ಡೋಲಿಯಲ್ಲೂ ಒಬ್ಬರು ಕೂತಿದ್ದರು, ಪ್ರತಿ ತಲೆಯನ್ನೂ ಒಬ್ಬರು ಹಿಡಿದಿದ್ದರು. ಬಿಲ್ಲೆಯಮ್ಮನಿಗೆ ಮರೆವು ಹತ್ತಿದೆ ಎಂದು ಯಾರೋ ಅಂದರು. ಅಲ್ಲ, ಜರಡಿಗಾರನ ಮೇಲೆ ಏನೋ ಹಳೆಯ ದ್ವೇಷ ಎಂದು ಇನ್ನಾರೋ ಅಂದರು. ಅವನ ಬೆವರು ನೋಡಿ, ಪಾಪ ಎಂದರು.

ಕಟ್ಟಿನಯ್ಯ ಒಳಬಾಗಿಲಿನಿಂದ ಇಣುಕಿದ. "ಏನಕ್ಕ ತಡ? ತಿರುಗಣಿ ಅಂತೀಯ. ತಿರುಗಣೀನ ಕಾಯಿಸೋದಾ?"

"ದಾರ ಒಣಗಲಿ."

ಕಟ್ಟಿನಯ್ಯ ಬಿಸಿಲಲ್ಲಿ ಗರಿಗರಿಯಾಗಿ ಒಣಗಿದ್ದ ದಾರವನ್ನು ನೋಡಿದ. ಬಿಲ್ಲೆಯಮ್ಮನನ್ನು ನೋಡಿದ. ಒಳಗೆ ಹೋದ.

ಹೊತ್ತೇರಿತು. ಜರಡಿಗಾರನ ಮೊಣಕೈ ನಡುಗಲು ಶುರುವಾಯಿತು. ಅದನ್ನು ಬಯಸಿ ಕೂತಿದ್ದ ಬಿಲ್ಲೆಯಮ್ಮ ಈಗ ಡೋಲಿಯ ಕಡೆ ನೋಡಿದಳು. ಅವನ ಕೈ ಜಾರಿದರೆ ಸಾಯುವವನು ಅವನಲ್ಲ. ಮಾಳವ್ವನ ಮುಖ ಬೂದಿಯ ಬಣ್ಣಕ್ಕೆ ತಿರುಗಿತ್ತು. ಸಾಕು, ಕೊಟ್ಟುಬಿಡೋಣ ಎಂದು ಬಿಲ್ಲೆಯಮ್ಮ ಎದ್ದಳು. ಗೂಡಿಗೆ ಕೈ ಹಾಕಿದಳು. ಕೈಯಲ್ಲಿ ಬಿದ್ದದ್ದು ಎಂಬ ಬಿಲ್ಲೆ ಇತ್ತು.

"ನಂಗೊತ್ತು," ಎಂದ ಜರಡಿಗಾರ ಮೆಲ್ಲಗೆ, ಅವಳಿಗೆ ಮಾತ್ರ ಕೇಳುವಂತೆ. "ನೀವು ನನ್ನ ಕೈ ಸೋಲೋದನ್ನ ಕಾಯ್ತಿದೀರಿ. ಇವಳ ತಲೆ ಯಾರ ಕೈಗೂ ಕೊಡಲ್ಲ ನಾನು. ಇದು ನನ್ನ ಕೈಯಲ್ಲೇ ಇರ್ಬೇಕು."

ಬಿಲ್ಲೆಯಮ್ಮ ಬಿಲ್ಲೆಯನ್ನು ಮತ್ತೆ ಗೂಡಿನಲ್ಲಿಟ್ಟಳು.

"ಆಗಲಿ," ಎಂದಳು. "ನಾನು ಕಾಯ್ತೀನಿ."

ಬಿಸಿಲು ಗೋಡೆ ಹತ್ತಿ ಇಳಿಯತೊಡಗಿದಾಗ ಅವನ ಬೆರಳುಗಳು ತಾವಾಗಿ ಬಿಚ್ಚತೊಡಗಿದವು. ಅವನು ಹಲ್ಲು ಕಚ್ಚಿದ. ಕಣ್ಣಲ್ಲಿ ನೀರು ಬಂತು. ತಲೆ ಚೂರೇ ಚೂರು ಜಗ್ಗಿತು. ಮಾಳವ್ವನ ಗಂಟಲಿನಿಂದ ಸಣ್ಣ ಸದ್ದು ಹೊರಟಿತು.

"ಸೋತಿತು," ಎಂದು ಜರಡಿಗಾರ ಕೂಗಿದ. "ಕೈ ಸೋತಿತು, ಹಿಡೀರಿ! ಯಾರಾದ್ರೂ ಹಿಡೀರಿ!"

ಬಿಲ್ಲೆಯಮ್ಮ ಹಾರಿ ಬಂದು ತನ್ನ ಎರಡೂ ಕೈ ಕೊಟ್ಟಳು.

ಎಷ್ಟೋ ಕತ್ತುಗಳಿಗೆ ಬಿಲ್ಲೆ ಕಟ್ಟಿದವಳು ಅವಳು, ಒಂದು ತಲೆಯನ್ನೂ ಹಿಡಿದವಳಲ್ಲ. ಅದು ಇಷ್ಟು ಭಾರ ಎಂದು ಗೊತ್ತಿರಲಿಲ್ಲ, ಇಷ್ಟು ಬೆಚ್ಚಗೆ ಎಂದೂ ಗೊತ್ತಿರಲಿಲ್ಲ. ಕೂದಲ ಬುಡದ ಬೆವರು ಅಂಗೈಗೆ ಹತ್ತಿತು. ಕಿವಿಯ ಹಿಂದೆ ನಾಡಿ ಮಿಡಿಯುತ್ತಿತ್ತು. ಇಡೀ ಮನೆ ಈಗ ಅವಳನ್ನೇ ನೋಡುತ್ತಿತ್ತು. ಆ ಎಲ್ಲ ಕಣ್ಣುಗಳಲ್ಲಿ ಅವಳಿಗೆ ಒಂದು ಗೌರವ ಕಂಡಿತು. ಒಂದು ಜೀವದ ಹೂಂ, ಒಂದು ಜೀವದ ಉಹೂಂ, ಎರಡೂ ಈಗ ಅವಳ ಅಂಗೈಯಲ್ಲಿದ್ದವು. ಅದು ಸಿಹಿಯಾಗಿತ್ತು. ಅಷ್ಟು ಸಿಹಿಯಾಗಿದೆಯಲ್ಲ ಎಂದು ಅವಳಿಗೆ ನಾಚಿಕೆಯಾಗಲಿಲ್ಲ, ಆಗ.

ಕಟ್ಟಿನಯ್ಯ ಬಾಗಿಲಿಗೆ ಬಂದು ನಿಂತ. "ಹಿಡಿದವಳು ನೀನು. ಹೇಳಕ್ಕ. ಬಿದ್ದದ್ದಾ, ತಳ್ಳಿದ್ದಾ?"

ಮಾತು ಅವಳ ನಾಲಗೆಯ ತುದಿಗೆ ಬಂದಿತ್ತು. ಬಾಯಿ ತೆರೆದಳು.

ಆಗ ಅವಳ ಹೆಬ್ಬೆರಳ ಕೆಳಗೆ ಏನೋ ಒದ್ದಾಡಿತು. ಮಾಳವ್ವನ ದವಡೆ. ಬಿಲ್ಲೆಯಮ್ಮ ತಲೆ ಜಾರದ ಹಾಗೆ ಹೆಬ್ಬೆರಳುಗಳನ್ನು ದವಡೆಯ ಕೆಳಗೆ ಕೊಟ್ಟು ಮೇಲಕ್ಕೆ ಒತ್ತಿ ಹಿಡಿದಿದ್ದಳು, ಎಲ್ಲರೂ ಹಿಡಿಯುವ ಹಾಗೆ. ಹಾಗೆ ಹಿಡಿದರೆ ಬಾಯಿ ಬಿಡಲಾಗುವುದಿಲ್ಲ. ಕತ್ತು ಮುರಿದವರಿಗೆ ಮಾತು ಹೊರಡುವುದಿಲ್ಲ ಎಂದು ಊರು ತಿಳಿದಿತ್ತು. ಮಾತನ್ನು ಮುಚ್ಚಿ ಹಿಡಿದದ್ದು ಹಿಡಿದವರ ಹೆಬ್ಬೆರಳು.

ಅವಳು ಹೆಬ್ಬೆರಳನ್ನು ಸಡಿಲಿಸಿದಳು. ಮಾಳವ್ವನ ತುಟಿಗಳ ನಡುವಿನಿಂದ ಒಂದು ಮಾತು ಹೊರಬಂತು.

"ಇಳಿಸು."

"ಏನಂದೆ?"

"ನೆಲಕ್ಕೆ. ನನ್ನ ತಲೆ ನೆಲಕ್ಕೆ ಇಡು. ನೀನೂ ಹಿಡೀಬೇಡ."

ಬಿಲ್ಲೆಯಮ್ಮನ ಕೈ ಸಡಿಲವಾಗಲಿಲ್ಲ. ಆ ತಲೆಯನ್ನು ಬಿಟ್ಟುಕೊಡಲು ತನಗೆ ಮನಸ್ಸಿಲ್ಲ ಎಂದು ಅವಳಿಗೆ ಆಗ ತಿಳಿಯಿತು. ಅದು ತಿಳಿದದ್ದೇ ತಡ, ಡೋಲಿಯವರನ್ನು ಕರೆದಳು. ಒಬ್ಬ ಹೆಗಲು ಹಿಡಿದ, ಒಬ್ಬ ಸೊಂಟ ಹಿಡಿದ. ಅವಳು ತಲೆ ಹಿಡಿದಳು. ಮೂವರೂ ಉಸಿರು ಕಟ್ಟಿ, ಒಂದೇ ಮೈಯಂತೆ, ಮಾಳವ್ವನನ್ನು ಕಲ್ಲಿನ ನೆಲದ ಮೇಲೆ ಮಲಗಿಸಿದರು. ಬಿಲ್ಲೆ ಮಾಡಲು ನಾದಿಟ್ಟಿದ್ದ ಹಸಿ ಮಣ್ಣಿನ ಎರಡು ಮುದ್ದೆಗಳನ್ನು ತಂದು ಕಿವಿಗಳ ಪಕ್ಕಕ್ಕೆ ಒತ್ತರಿಸಿಟ್ಟಳು. ಆಮೇಲೆ ಕೈ ತೆಗೆದಳು.

ಸಾಲಿನಲ್ಲಿದ್ದವರು ಅಯ್ಯಯ್ಯೋ ಎಂದರು.

"ಕೊಂದಳು!" ಎಂದು ಜರಡಿಗಾರ ಚೀರಿದ. "ನನ್ನ ಹೆಂಡ್ತೀನ ನೆಲಕ್ಕೆ ಹಾಕಿ ಕೊಂದಳು! ಸತ್ತವಳಿಗೆ ಇನ್ನೇನು ಕೇಳ್ತೀರಿ? ಸತ್ತವಳ ಮಾತು ನಡೆಯಲ್ಲ!"

"ನಾನು ಮಾಳವ್ವ," ಎಂದಿತು ನೆಲದಿಂದ ಒಂದು ದನಿ.

ಆ ಬಿಲ್ಲೆಮನೆಯಲ್ಲಿ ಕತ್ತು ಮುರಿದವರ ದನಿಯನ್ನು ಅದುವರೆಗೆ ಯಾರೂ ಕೇಳಿರಲಿಲ್ಲ.

"ಮೊದಲ ಸಲ ನಾನೇ ಬಿದ್ದೆ. ಪಾಚಿಗೆ ಕಾಲು ಜಾರಿತು. ಅವನು ಓಡಿ ಬಂದು ಹಿಡಿದ. ಅದು ಸುಳ್ಳಲ್ಲ." ಅವಳು ತಡೆತಡೆದು, ಉಸಿರು ತಂದುಕೊಂಡು ಹೇಳಿದಳು. "ಎಷ್ಟು ಚೆನ್ನಾಗಿ ನೋಡ್ಕೊಂಡ. ಮದುವೆಯಾದಾಗಿಂದ ಒಂದು ದಿನವೂ ನೋಡ್ಕೊಳ್ಳದ ಹಾಗೆ ನೋಡ್ಕೊಂಡ. ಕಟ್ಟು ಬಿಚ್ಚಿದ ಮರುದಿನ ನಾನೇ ತಲೆ ಬಾಚ್ಕೊಂಡೆ. ಅವನು ಬಾಗಿಲಲ್ಲಿ ನಿಂತು ನೋಡ್ತಿದ್ದ. ಇನ್ನು ನಿಂಗೆ ನಾನು ಯಾತಕ್ಕೆ ಬೇಕು ಅಂದ. ನಾನು ನಕ್ಕುಬಿಟ್ಟೆ. ತಮಾಷೆ ಅಂದ್ಕೊಂಡೆ."

ಒಂದು ಗುಟುಕು ಉಸಿರು.

"ಆಮೇಲೆ ಮೆತ್ತೆ ಹೊಲಿಯೋಕೆ ಕೂತ. ಯಾರಿಗೆ ಅಂತ ಕೇಳಿದೆ. ಹೇಳಲಿಲ್ಲ. ಇವತ್ತು ನೀರಿಗೆ ಹೊರಟೆ. ಹಿಂದೆ ಬಂದ. ಬೆನ್ನ ಮೇಲೆ ಅವನ ಕೈ ಬಿತ್ತು. ಎರಡೂ ಕೈ."

ಜರಡಿಗಾರ ಸುತ್ತ ನೋಡಿದ. ಬಾಳೆಹಣ್ಣು ತಂದುಕೊಟ್ಟ ಮುಖಗಳು ಅಲ್ಲೇ ಇದ್ದವು. ಅವನು ಚಾಚಿದ ಕೈಗಳನ್ನು ಅವರಿಗೆ ತೋರಿಸಿದ, ಊದಿಕೊಂಡು ಕೆಂಪಾಗಿದ್ದ ಕೈಗಳನ್ನು.

"ಆದರೆ ಹಿಡಿದೆನಲ್ಲ!" ಎಂದ. "ತಕ್ಷಣ ಓಡಿಹೋಗಿ ಹಿಡಿದೆನಲ್ಲ! ನನ್ನ ಹಾಗೆ ಯಾರು ಹಿಡೀತಾರೆ ಹೇಳಿ? ಯಾರು ಹಿಡೀತಾರೆ?"

ತಾನು ಏನು ಹೇಳಿದೆ ಎಂದು ಅವನಿಗೆ ನಿಧಾನವಾಗಿ ಅರಿವಾಯಿತು. ಕೈಗಳನ್ನು ಕೆಳಗಿಳಿಸಿದ.

ಎಲ್ಲರೂ ಕಟ್ಟಿನಯ್ಯನ ಕಡೆ ನೋಡಿದರು. ಅವನು ಹೊಸ್ತಿಲ ಮೇಲೆ ನಿಂತಿದ್ದ. ಅವನ ಮುಖದಲ್ಲಿ ಸಂತೋಷವಿರಲಿಲ್ಲ. ಇವಳ ಮಾತನ್ನು ಒಪ್ಪಿದರೆ ಇದುವರೆಗೆ ತಾನು ಕಟ್ಟಿದ ಒಂದೊಂದು ಕತ್ತನ್ನೂ ಮತ್ತೆ ನೆನೆಯಬೇಕಾಗುತ್ತದೆ. ಕಟ್ಟಿ ಯಾವ ಮನೆಗೆ ಕಳಿಸಿದೆ, ಯಾರ ಕೈಗೆ ಕಳಿಸಿದೆ ಎಂದು ನೆನೆಯಬೇಕಾಗುತ್ತದೆ.

"ನೆಲಕ್ಕೆ ತಲೆ ಇಟ್ಟವಳು ಸತ್ತವಳು ಅಂತಾರೆ," ಎಂದ ಕೊನೆಗೆ. "ಸತ್ತವರು ಮಾತಾಡಲ್ಲ. ಇವಳು ಮಾತಾಡ್ತಿದಾಳೆ." ಆಮೇಲೆ ಬಿಲ್ಲೆಯಮ್ಮನಿಗೆ, "ಬಿಲ್ಲೆ ಹಾಕು. ತಳ್ಳಿದವನು ಹೊರಬಿದ್ದಾಯ್ತು."

ಬಿಲ್ಲೆಯಮ್ಮ ಜೇಡನ ಬಲೆಗೆ ಕೈ ಹಾಕಿದಳು.

ಕಟ್ಟಿನಯ್ಯ ನೆಲಕ್ಕೆ ಮಂಡಿಯೂರಿ, ಮಲಗಿದ್ದವಳಿಗೆ ಮಲಗಿದ್ದ ಹಾಗೇ ಕಟ್ಟು ಹಾಕಿದ. ಹಾಗೆ ಹಾಕುವುದು ಕೂತವರಿಗೆ ಹಾಕುವುದಕ್ಕಿಂತ ಸುಲಭ ಎಂದು ಅವನಿಗೆ ಅಂದೇ ಗೊತ್ತಾದದ್ದು.

ಹೊರಗಿನ ಸಾಲಿನಲ್ಲಿ ಬೇರೆಯೇ ಒಂದು ಗದ್ದಲ ಶುರುವಾಗಿತ್ತು. ತಲೆ ಹಿಡಿದವರು ಒಬ್ಬರನ್ನೊಬ್ಬರು ನೋಡುತ್ತಿದ್ದರು, ಪಕ್ಕದವನ ಹೆಬ್ಬೆರಳು ಎಲ್ಲಿದೆ ಎಂದು ನೋಡುತ್ತಿದ್ದರು. ಸಾಲಿನ ಮೊದಲಲ್ಲಿ ಒಬ್ಬ ಯುವಕ ತನ್ನ ಮುದಿ ತಂದೆಯ ತಲೆ ಹಿಡಿದಿದ್ದ. ಎಲ್ಲರ ಕಣ್ಣೂ ತನ್ನ ಮೇಲೆ ಬಿದ್ದದ್ದು ಕಂಡು ಅವನು ಬಿಳುಚಿಕೊಂಡ. "ನಾನೇನೂ ಮಾಡಿಲ್ಲ," ಎಂದ. ಯಾರೂ ಅವನನ್ನು ಏನೂ ಕೇಳಿರಲಿಲ್ಲ. ಅವನ ದನಿ ನಡುಗಿದ್ದನ್ನು ಕೇಳಿ ಜನ ಇನ್ನಷ್ಟು ಹತ್ತಿರ ಬಂದರು.

ಮುದುಕನನ್ನೂ ನೆಲಕ್ಕೆ ಮಲಗಿಸಿದರು. ಬಿಲ್ಲೆಯಮ್ಮ ಬಗ್ಗಿ ಕೇಳಿದಳು. "ಬಿದ್ದದ್ದಾ ಅಪ್ಪಾ, ತಳ್ಳಿದ್ದಾ?"

"ಬಿದ್ದೆ," ಎಂದ ಮುದುಕ. "ಕಣ್ಣು ಕಾಣಲ್ಲ ನಂಗೆ, ಬಿದ್ದೆ. ಅವನು ಪಾಪ ಬೆಳಗ್ಗಿಂದ ನೀರು ಸಹ ಕುಡಿದಿಲ್ಲ. ಕೂತ್ಕೋ ಮಗಾ. ಕೂತ್ಕೊಂಡು ಕೈ ನೀವ್ಕೋ."

ಯುವಕ ಗೋಡೆಗೆ ಒರಗಿ ಕೂತು ಮುಖ ಮುಚ್ಚಿಕೊಂಡ. ಅವನನ್ನು ದುರುಗುಟ್ಟಿ ನೋಡಿದ್ದವರು ಬೇರೆ ಕಡೆ ನೋಡಿದರು.

ಸಾಲಿನ ಕೊನೆಯಲ್ಲಿ ಅಣ್ಣನ ತಲೆ ಹಿಡಿದು ನಿಂತಿದ್ದವನೊಬ್ಬ ತನ್ನ ಡೋಲಿಯವರಿಗೆ ಮೆಲ್ಲಗೆ ಹೇಳಿದ. "ನಡೀರಿ, ಇವತ್ತು ಹೊತ್ತಾಯ್ತು. ನಾಳೆ ಬರೋಣ." ಡೋಲಿಯವರು ಒಬ್ಬರ ಮುಖ ಒಬ್ಬರು ನೋಡಿದರು. ಇಬ್ಬರೂ ಡೋಲಿ ಎತ್ತಲಿಲ್ಲ.

ಜರಡಿಗಾರನನ್ನು ಯಾರೂ ಹೊಡೆಯಲಿಲ್ಲ. ಮೆಟ್ಟಿಲುಗಳು ಮುಗಿಯುವ ಜಾಗದವರೆಗೆ ಕರೆದುಕೊಂಡು ಹೋಗಿ, ಸಪಾಟಾದ ನೆಲದ ಮೇಲೆ ಬಿಟ್ಟು, ಮತ್ತೆ ಹತ್ತಬೇಡ ಎಂದರು. ಬಯಲಿನ ಯಾವುದೋ ಊರಲ್ಲಿ ಜರಡಿ ಮಾರುತ್ತಾನೆ ಎಂದು ಕೆಲವರು ಹೇಳುತ್ತಿದ್ದರು. ಅಲ್ಲಿ ಯಾರೋ ಕುರುಡಿಯನ್ನು ಕೈ ಹಿಡಿದು ನಡೆಸುತ್ತಾನೆ, ಬಹಳ ಒಳ್ಳೆಯವನೆಂದು ಹೆಸರು ಮಾಡಿದ್ದಾನೆ ಎಂದೂ ಹೇಳುತ್ತಿದ್ದರು.

ಊರಲ್ಲಿ ಆಮೇಲೆ ಕತ್ತು ಮುರಿದವರನ್ನು ಮಲಗಿಸಿಯೇ ಕೇಳುವ ಪದ್ಧತಿ ಬಂತು. ತಳ್ಳಿದವರು ಸಿಗುವವರೆಗೆ ಕಾಯಿಸುವುದನ್ನು ಕಟ್ಟಿನಯ್ಯ ಯಾರನ್ನೂ ಕೇಳದೆ ಬಿಟ್ಟುಬಿಟ್ಟ. ಅದರಿಂದ ಊರು ಒಳ್ಳೆಯದಾಯಿತು ಎಂದು ಹೇಳಲಾಗದು. ತಳ್ಳಿದ್ದು ಎಂಬ ಬಿಲ್ಲೆಗಳನ್ನು ಹೊಸದಾಗಿ ಸುಡಬೇಕಾಯಿತು. ಮೆಟ್ಟಿಲ ಮೇಲೆ ಜನ ಗೋಡೆಗೆ ಬೆನ್ನು ತಾಗಿಸಿ ನಡೆಯತೊಡಗಿದರು. ಪರಊರಿನವರು ಬಂದರೆ ಬಿಲ್ಲೆಮನೆಯ ಗೂಡುಗಳನ್ನು ಯಾರೂ ತೋರಿಸುತ್ತಿರಲಿಲ್ಲ.

ಮಾಳವ್ವ ಬದುಕಿದಳು. ತಿರುಗಣಿ ಕೂಡಿತು, ಆದರೆ ತಿರುಗಲಿಲ್ಲ. ಕಟ್ಟು ಬಿಚ್ಚಿ ಬಹಳ ಕಾಲವಾದ ಮೇಲೆ ಒಂದು ಮಧ್ಯಾಹ್ನ ಅವಳು ತಾನೇ ನಡೆದುಕೊಂಡು ಬಿಲ್ಲೆಮನೆಗೆ ಬಂದಳು. ಬಿಲ್ಲೆಯಮ್ಮ ಎದ್ದು ಎರಡೂ ಕೈ ಮುಂದೆ ಚಾಚಿದಳು.

"ಬೇಡಕ್ಕ," ಎಂದಳು ಮಾಳವ್ವ.

ಬಿಲ್ಲೆಯಮ್ಮ ಕೈ ಹಿಂದಕ್ಕೆ ತೆಗೆದುಕೊಂಡಳು. "ಏನು ಉಳಿದಿದೆ ಹೇಳು."

"ಹೊರಳಿ ನೋಡೋಕಾಗಲ್ಲ. ಹಿಂದೆ ಯಾರಾದ್ರೂ ಬಂದ್ರೆ ಮೈಯೆಲ್ಲ ತಿರುಗಿಸಬೇಕು. ಮೆಟ್ಲ ಮೇಲೆ ಮೈಯೆಲ್ಲ ತಿರುಗಿಸೋದು ಕಷ್ಟ."

ಬಿಲ್ಲೆಯಮ್ಮ ಉಳಿಕೆಯ ಬಿಲ್ಲೆ ಪೋಣಿಸಿದಳು. ಮಾಳವ್ವ ದಾರವನ್ನು ಅವಳ ಕೈಯಿಂದ ತೆಗೆದುಕೊಂಡು ತಾನೇ ಕೊರಳಿಗೆ ಕಟ್ಟಿಕೊಂಡಳು. ನೋವಿಗೆ ಎಣ್ಣೆ ಕೊಡಲು ಕಟ್ಟಿನಯ್ಯ ಒಳಗಿನಿಂದ ಬರುವವರೆಗೆ ಇಬ್ಬರೂ ಜಗಲಿಯ ಮೇಲೆ ಕೂತರು.

"ಒಂದು ಕೇಳ್ಲಾ ಅಕ್ಕ?"

"ಕೇಳು."

"ಅವತ್ತು ನನ್ನ ತಲೆ ನಿನ್ನ ಕೈಯಲ್ಲಿತ್ತು. ಕಟ್ಟಿನಯ್ಯ ಕೇಳಿದ. ನೀನು ಬಾಯಿ ತೆರೆದೆ. ಏನು ಹೇಳೋಕೆ ಹೊರಟಿದ್ದೆ?"

"ನೀನು ಹೇಳಿದ್ದನ್ನೇ," ಎಂದಳು ಬಿಲ್ಲೆಯಮ್ಮ. "ತಳ್ಳಿದ್ದು ಅಂತ. ನಿನ್ನ ಮಾತನ್ನೇ ಹೇಳೋಳಿದ್ದೆ."

"ನನ್ನ ಮಾತು ಹೇಗಾಗುತ್ತೆ?" ಎಂದಳು ಮಾಳವ್ವ. "ನಾನಿನ್ನೂ ಹೇಳಿರಲಿಲ್ಲವಲ್ಲ."

ಕಟ್ಟಿನಯ್ಯ ಎಣ್ಣೆಯ ಕುಡಿಕೆ ತಂದುಕೊಟ್ಟ. ಮಾಳವ್ವ ಎದ್ದಳು. ಬಿಲ್ಲೆಯಮ್ಮನಿಗೂ ಕೆಳಗಿನ ಬಾವಿಯ ಕಡೆ ಹೋಗಬೇಕಿತ್ತು, ಮಣ್ಣು ನಾದಲು ನೀರು ಬೇಕಿತ್ತು. ಕೊಡ ತೆಗೆದುಕೊಂಡು ಅವಳೂ ಹೊರಟಳು. ಇಬ್ಬರೂ ಮೊದಲ ಮೆಟ್ಟಿಲವರೆಗೆ ಜೊತೆಯಲ್ಲಿ ನಡೆದರು. ಅಲ್ಲಿಂದ ಮುಂದೆ ಮೆಟ್ಟಿಲು ಒಬ್ಬರಿಗೆ ಮಾತ್ರ ಜಾಗವಿರುವಷ್ಟು ಕಿರಿದು.

ಮಾಳವ್ವ ನಿಂತಳು. ಕಾಲು ಕಿತ್ತಿಟ್ಟು, ಹೆಗಲು, ಎದೆ, ಮುಖ ಎಲ್ಲ ಒಟ್ಟಿಗೆ ಬಿಲ್ಲೆಯಮ್ಮನ ಕಡೆ ತಿರುಗಿಸಿದಳು. ಅವಳ ಮುಖದಲ್ಲಿ ಸಿಟ್ಟಿರಲಿಲ್ಲ. ಗೋಡೆಗೆ ಸರಿದು ದಾರಿ ಬಿಟ್ಟಳು.

"ನೀನು ಮುಂದೆ ಹೋಗಕ್ಕ," ಎಂದಳು.

ಬಿಲ್ಲೆಯಮ್ಮ ಮುಂದೆ ಹೋದಳು. ಹಿಂದಿನಿಂದ ಮಾಳವ್ವನ ಹೆಜ್ಜೆಯ ಸದ್ದು ಇಳಿದು ಬರುತ್ತಿತ್ತು. ಒಂದೊಂದು ಮೆಟ್ಟಿಲಿಗೂ ಬಿಲ್ಲೆಯಮ್ಮನಿಗೆ ತಿರುಗಿ ನೋಡಬೇಕೆನ್ನಿಸಿತು. ನೋಡಲಿಲ್ಲ. ಕೊಡವನ್ನು ಸೊಂಟಕ್ಕೆ ಒತ್ತಿ ಹಿಡಿದು, ಸೆರಗನ್ನು ಕತ್ತಿನ ಹಿಂದಕ್ಕೆ ಎಳೆದುಕೊಂಡು, ಬಾವಿ ಬರುವವರೆಗೆ ಹಾಗೇ ಇಳಿದಳು.